ಅಂಚೆ ಚೀಲ ಹೊತ್ತು ಹಾರಿದವರು

1932ನೇ ಇಸವಿ, ಅಕ್ಟೋಬರ್ 15, ಶನಿವಾರ. ಬೆಳಿಗ್ಗೆ 6 ಗಂಟೆ 35 ನಿಮಿಷ. ಕರಾಚಿಯ ಡ್ರಿಗ್ ರಸ್ತೆ ನಿಲ್ದಾಣದಿಂದ ಒಂದು ಪುಟ್ಟ ವಿಮಾನ ಮೇಲೆದ್ದಿತು. ಒಂದೇ ಎಂಜಿನ್. ಒಳಗೆ ಹೆಚ್ಚೆಂದರೆ ಮೂವರು ಮೊಣಕಾಲು ಮಡಚಿ ಕೂರಬಹುದಾದಷ್ಟು ಜಾಗ. ‘ಪಸ್ ಮಾತ್’ ಎಂಬುದು ಅದರ ಹೆಸರು. ಅಂದು ಅದರಲ್ಲಿದ್ದವರು ಮಾತ್ರ ಒಬ್ಬರೇ, 28 ವರ್ಷದ ತರುಣ. ಪ್ರಯಾಣಿಕರು ಇರಬೇಕಾದ ಜಾಗದಲ್ಲಿ ಕಾಗದ ಪತ್ರಗಳು ತುಂಬಿದ ಅಂಚೆ ಚೀಲ ಕುಳಿತಿತ್ತು. ನೆಲದ ಮೇಲಿದ್ದವರೊಡನೆ ಮಾತನಾಡಲು ರೇಡಿಯೋ ಇರಲಿಲ್ಲ. ಕಣ್ಣಿಗೆ ಗಾಗಲ್ಸು, ದೂರ ಮತ್ತು ವೇಗದ ಲೆಕ್ಕಕ್ಕೆ ಒಂದು ಸ್ಲೈಡ್ ರೂಲು, ಒಂದು ನಕ್ಷೆ, ಒಂದು ದಿಕ್ಸೂಚಿ. ಇಷ್ಟೇ ಸಲಕರಣೆ.

ಅಹಮದಾಬಾದಿನಲ್ಲಿ ವಿಮಾನ ಇಳಿದಾಗ ಪೆಟ್ರೋಲು ಸಿದ್ಧವಾಗಿತ್ತು. ಅದು ಬಂದದ್ದು ಎತ್ತಿನ ಗಾಡಿಯಲ್ಲಿ, ನಾಲ್ಕು ನಾಲ್ಕು ಗ್ಯಾಲನ್ನಿನ ಡಬ್ಬಗಳಲ್ಲಿ! ಡಬ್ಬಗಳನ್ನು ಬಗ್ಗಿಸಿ ಟ್ಯಾಂಕು ತುಂಬಿಸಿಕೊಂಡು ಆ ತರುಣ ಮತ್ತೆ ಹಾರಿದರು. ಮಧ್ಯಾಹ್ನ 1 ಗಂಟೆ 50 ನಿಮಿಷಕ್ಕೆ ಮುಂಬಯಿಯ ಜುಹು ಕಡಲತೀರದ ಬಯಲಿನಲ್ಲಿ ವಿಮಾನ ನೆಲ ಮುಟ್ಟಿತು. ಅಲ್ಲಿ ಇನ್ನೊಂದು ಪಸ್ ಮಾತ್‌ನೊಡನೆ ನೆವಿಲ್ ವಿನ್ಸೆಂಟ್ ಎಂಬ ಪೈಲಟ್ ಕಾದಿದ್ದರು. ಮದ್ರಾಸಿಗೆ ಹೋಗಬೇಕಾದ ಚೀಲ ಅವರ ಕೈಗೆ ಬಂತು. ಅವರು ಹೊರಟು ನಮ್ಮ ಬಳ್ಳಾರಿಯಲ್ಲಿ ರಾತ್ರಿ ತಂಗಿ ಮರುದಿನ ಮದ್ರಾಸು ಸೇರಿದರು.

ಕರಾಚಿಯಿಂದ ಹೊರಟ ತರುಣನ ಹೆಸರು ಜೆ.ಆರ್.ಡಿ. ಟಾಟಾ. ಭಾರತದ ನಾಗರಿಕ ವಿಮಾನಯಾನ ನಿಜವಾದ ಅರ್ಥದಲ್ಲಿ ಹುಟ್ಟಿದ್ದು ಆ ದಿನ ಎನ್ನುತ್ತಾರೆ. ಆದರೆ ಒಂದು ಸಂಗತಿಯನ್ನು ಗಮನಿಸಬೇಕು. ಆ ಮೊದಲ ಹಾರಾಟ ಯಾರನ್ನೂ ಎಲ್ಲಿಗೂ ಕರೆದೊಯ್ಯಲಿಲ್ಲ, ಕಾಗದಗಳನ್ನು ಕೊಂಡೊಯ್ದಿತು. ನಮ್ಮ ದೇಶದ ವಿಮಾನಯಾನ ಬೆಳೆದದ್ದು ಟಿಕೆಟ್ಟಿನ ಹಣದಿಂದಲ್ಲ, ಅಂಚೆಯ ತೂಕದಿಂದ. ನಮ್ಮ ಆದ್ಯ ವೈಮಾನಿಕರಲ್ಲಿ ಹಲವರು ಒಂದು ಅರ್ಥದಲ್ಲಿ ಆಕಾಶದ ಅಂಚೆಯವರು.

ಆರಾಣೆಯ ಕಾಗದ

ಈ ಕಥೆಯ ಬೇರು ಇನ್ನೂ 21 ವರ್ಷ ಹಿಂದಿದೆ. 1911ರ ಫೆಬ್ರವರಿ 18ರಂದು ಅಲಹಾಬಾದಿನಲ್ಲಿ ದೊಡ್ಡ ವಸ್ತುಪ್ರದರ್ಶನ ನಡೆದಿತ್ತು. ರೈಟ್ ಸಹೋದರರು ಅಮೆರಿಕದಲ್ಲಿ ಮೊದಲ ಸಲ ಹಾರಿ ಆಗಿನ್ನೂ ಏಳೂವರೆ ವರ್ಷವೂ ತುಂಬಿರಲಿಲ್ಲ. ಪ್ರದರ್ಶನಕ್ಕೆಂದು ಹಡಗಿನಲ್ಲಿ ವಿಮಾನಗಳನ್ನು ತರಿಸಿದ್ದ ಕ್ಯಾಪ್ಟನ್ ವಾಲ್ಟರ್ ವಿಂಡಂ ಅವರ ತಲೆಯಲ್ಲಿ ಒಂದು ಯೋಚನೆ ಹೊಳೆಯಿತು. ಜನರ ಕಾಗದಗಳನ್ನು ವಿಮಾನದಲ್ಲಿ ಒಯ್ದರೆ ಹೇಗೆ? ಅಂಚೆ ಇಲಾಖೆ ಒಪ್ಪಿತು. ವಿಶೇಷ ಮುದ್ರೆಯೂ ಸಿದ್ಧವಾಯಿತು.

ವಿಮಾನ ನಡೆಸಿದಾತ ಹೆನ್ರಿ ಪೆಕೆ, 23 ವರ್ಷದ ಫ್ರೆಂಚ್ ಯುವಕ. ಸುಮಾರು 6,500 ಕಾಗದಗಳನ್ನು ಹೊತ್ತ ವಿಮಾನ ಪೋಲೋ ಮೈದಾನದಿಂದ ಹೊರಟು, ಯಮುನಾ ನದಿಯನ್ನು ದಾಟಿ, ಸುಮಾರು ಹತ್ತು ಕಿಲೋಮೀಟರ್ ದೂರದ ನೈನಿಯಲ್ಲಿ ಇಳಿಯಿತು. ಹಿಡಿದ ಸಮಯ 13 ನಿಮಿಷ. ಪ್ರಪಂಚದ ಮೊದಲ ಅಧಿಕೃತ ವಿಮಾನ ಅಂಚೆ ಎಂಬ ಹೆಗ್ಗಳಿಕೆ ಲಂಡನ್ನಿಗೂ ಪ್ಯಾರಿಸ್ಸಿಗೂ ಸಿಗದೆ ಅಲಹಾಬಾದಿಗೆ ಸಿಕ್ಕಿತು.

ಒಂದು ಕಾಗದಕ್ಕೆ ಆರಾಣೆ ಶುಲ್ಕ. ಅರ್ಧಾಣೆಗೆ ದೇಶದ ಯಾವ ಮೂಲೆಗಾದರೂ ಪತ್ರ ಹೋಗುತ್ತಿದ್ದ ಕಾಲದಲ್ಲಿ ಇದು ಹನ್ನೆರಡು ಪಟ್ಟು. ಆದರೂ ಜನ ಮುಗಿಬಿದ್ದರು. ಸಂಗ್ರಹವಾದ ಹಣ ಹೋದದ್ದು ಅಲಹಾಬಾದಿನಲ್ಲಿ ಓದುತ್ತಿದ್ದ ಭಾರತೀಯ ವಿದ್ಯಾರ್ಥಿಗಳ ಹಾಸ್ಟೆಲಿಗೆ. ಹೀಗೆ ಜಗತ್ತಿನ ಮೊದಲ ವಿಮಾನ ಅಂಚೆ ಹಾರಿದ್ದು ವಿದ್ಯಾರ್ಥಿಗಳ ಊಟ ವಸತಿಗಾಗಿ!

ಆದರೆ ಈ ಸಂಭ್ರಮದಲ್ಲಿ ನಮ್ಮವರ ಪಾಲೇನು? ನೆಲ ನಮ್ಮದು, ನದಿ ನಮ್ಮದು, ಆರಾಣೆ ತೆತ್ತವರಲ್ಲಿಯೂ ನಮ್ಮವರಿದ್ದರು. ವಿಮಾನದ ಆಸನದಲ್ಲಿ ಮಾತ್ರ ನಮ್ಮವರಿಗೆ ಜಾಗವಿರಲಿಲ್ಲ. ಆ ಜಾಗಕ್ಕೆ ಏರಲು ಬಹಳ ಕಾಲ ಹಿಡಿಯಿತು, ಪ್ರಾಣಗಳೂ ಹೋದವು.

ಪಗಡಿಯ ಮೇಲೊಂದು ಹೆಲ್ಮೆಟ್

ಮೊದಲನೇ ಮಹಾಯುದ್ಧ ನಡೆಯುತ್ತಿದ್ದ ದಿನಗಳು. ಭಾರತದಿಂದ ಲಕ್ಷಾಂತರ ಸಿಪಾಯಿಗಳು ಬ್ರಿಟಿಷರ ಪರವಾಗಿ ಕಂದಕಗಳಲ್ಲಿ ನಿಂತು ಹೋರಾಡುತ್ತಿದ್ದರು. ಆದರೆ ಬ್ರಿಟನ್ನಿನ ವಾಯುದಳಕ್ಕೆ ಅಧಿಕಾರಿಗಳಾಗಿ ಸೇರಲು ಭಾರತೀಯರಿಗೆ ಬಾಗಿಲು ಮುಚ್ಚಿತ್ತು. ರಾವಲ್ಪಿಂಡಿಯ ಹರ್ದಿತ್ ಸಿಂಗ್ ಮಲಿಕ್ ಆಗ ಆಕ್ಸ್‌ಫರ್ಡಿನಲ್ಲಿ ಓದುತ್ತಿದ್ದರು. ಬ್ರಿಟಿಷರು ಬೇಡವೆಂದಾಗ ಅವರು ಫ್ರಾನ್ಸಿಗೆ ಹೋಗಿ ರೆಡ್ ಕ್ರಾಸ್ ಆಂಬುಲೆನ್ಸ್ ಓಡಿಸತೊಡಗಿದರು. ಕೊನೆಗೆ ಅವರ ಆಕ್ಸ್‌ಫರ್ಡ್ ಗುರುಗಳೊಬ್ಬರು ವಾಯುದಳದ ಮುಖ್ಯಸ್ಥರಿಗೆ ಪತ್ರ ಬರೆದರು. ಗುರುವಿನ ಆ ಒಂದು ಪತ್ರ ಕೆಲಸ ಮಾಡಿತು. 1917ರ ಏಪ್ರಿಲಿನಲ್ಲಿ ಮಲಿಕ್ ವೈಮಾನಿಕರಾದರು. ಪಗಡಿ ತೆಗೆಯಲು ಅವರು ಒಪ್ಪಲಿಲ್ಲ, ಅದರ ಮೇಲೆ ಕೂರುವಂಥ ದೊಡ್ಡ ಹೆಲ್ಮೆಟ್ಟನ್ನೇ ಮಾಡಿಸಿದರು. ಅದೇ ವರ್ಷ ಅಕ್ಟೋಬರಿನಲ್ಲಿ ಅವರ ವಿಮಾನ ಗುಂಡೇಟಿನಿಂದ ಜರಡಿಯಾಗಿ ಬಿತ್ತು. ಮಲಿಕ್ ಬದುಕಿದರು. ಕಾಲಿಗೆ ಹೊಕ್ಕ ಗುಂಡು ಮಾತ್ರ ಜೀವನವಿಡೀ ಕಾಲಿನಲ್ಲೇ ಉಳಿಯಿತು. ಸ್ವತಂತ್ರ ಭಾರತದಲ್ಲಿ ಅವರು ಫ್ರಾನ್ಸಿಗೆ ರಾಯಭಾರಿಯಾಗಿ ಹೋದರು.

ಕಲ್ಕತ್ತೆಯ ಇಂದ್ರಲಾಲ್ ರಾಯ್ ಅವರದು ಇನ್ನೂ ಎಳೆಯ ವಯಸ್ಸು. ಲಂಡನ್ನಿನ ಶಾಲೆಯಿಂದ ನೇರವಾಗಿ ವಾಯುದಳಕ್ಕೆ ಹೋದ ಹುಡುಗ. ದೃಷ್ಟಿ ಸಾಲದೆಂದು ಮೊದಲು ತಿರಸ್ಕರಿಸಿದರಂತೆ. ತನ್ನ ಮೋಟಾರ್ ಸೈಕಲ್ ಮಾರಿ ದೊಡ್ಡ ಕಣ್ಣಿನ ವೈದ್ಯರಲ್ಲಿಗೆ ಹೋಗಿ, ಕಣ್ಣು ಸರಿಯಿದೆ ಎಂಬ ಪ್ರಮಾಣಪತ್ರ ತಂದನೆಂದು ಹೇಳುತ್ತಾರೆ. 1917ರ ಡಿಸೆಂಬರಿನಲ್ಲಿ ವಿಮಾನ ಅಪಘಾತವಾಗಿ ಆಸ್ಪತ್ರೆ ಸೇರಿದ. ಅಲ್ಲಿ ಸುಮ್ಮನಿರಲಾರದೆ ವಿಮಾನಗಳ ಚಿತ್ರ ಬರೆಯುತ್ತಿದ್ದ. ಆ ಚಿತ್ರಗಳು ಇಂದಿಗೂ ಉಳಿದಿವೆ. ಮತ್ತೆ ಯುದ್ಧಭೂಮಿಗೆ ಹೋಗಿ 1918ರ ಜುಲೈ ತಿಂಗಳ ಎರಡೇ ವಾರಗಳಲ್ಲಿ ಹತ್ತು ಶತ್ರು ವಿಮಾನಗಳನ್ನು ಸೋಲಿಸಿದ. ಜುಲೈ 22ರಂದು ಫ್ರಾನ್ಸಿನ ಆಕಾಶದಲ್ಲಿ ತಾನೂ ಉರುಳಿದ. ಆಗ ವಯಸ್ಸು 19. ಶೌರ್ಯ ಪದಕ ಬಂದದ್ದು ಸತ್ತ ಮೇಲೆ.

ಆ ಯುದ್ಧದಲ್ಲಿ ಬ್ರಿಟಿಷ್ ವಾಯುದಳದಲ್ಲಿ ಹಾರಿದ ಭಾರತೀಯರೆಂದು ಗುರುತಿಸುವುದು ನಾಲ್ವರನ್ನು. ಉಳಿದಿಬ್ಬರು ಮುಂಬಯಿಯ ಶ್ರೀಕೃಷ್ಣ ವೆಲಿಂಕರ್ ಮತ್ತು ಬಂಗಾಳದ ಎರೋಲ್ ಚಂದರ್ ಸೇನ್. ವೆಲಿಂಕರ್ 1918ರಲ್ಲಿ ಮಡಿದರು. ಸೇನ್ ಜರ್ಮನರಿಗೆ ಸೆರೆಸಿಕ್ಕು ಬದುಕಿ ಬಂದರು. ರಾಯ್ ಎಂದೂ ಅಂಚೆ ಹೊತ್ತವರಲ್ಲ. ಆದರೆ 1998ರಲ್ಲಿ, ಅವರ ಜನ್ಮಶತಾಬ್ದಿಯ ವರ್ಷ, ಅವರ ಮುಖವಿದ್ದ ಅಂಚೆಚೀಟಿ ನಮ್ಮ ದೇಶದ ಕಾಗದಗಳ ಮೇಲೇರಿ ಊರೂರು ಸುತ್ತಿತು.

ಒಂದನೇ ನಂಬರಿನ ಲೈಸೆನ್ಸು

ಯುದ್ಧ ಮುಗಿದ ಮೇಲೂ ಹತ್ತು ವರ್ಷ ಭಾರತದಲ್ಲಿ ವಿಮಾನ ಕಲಿಯುವ ಅನುಕೂಲ ಇರಲಿಲ್ಲವೆಂದೇ ಹೇಳಬೇಕು. 1920ರ ದಶಕದ ಕೊನೆಗೆ ದೆಹಲಿ, ಕರಾಚಿ, ಮುಂಬಯಿ, ಕಲ್ಕತ್ತೆಗಳಲ್ಲಿ ಫ್ಲೈಯಿಂಗ್ ಕ್ಲಬ್ಬುಗಳು ಹುಟ್ಟಿಕೊಂಡವು. ಕಲಿಕೆಗೆ ಬಳಸುತ್ತಿದ್ದದ್ದು ‘ಜಿಪ್ಸಿ ಮಾತ್’. ಮರದ ಚೌಕಟ್ಟಿಗೆ ಬಟ್ಟೆ ಬಿಗಿದು ಬಣ್ಣ ಬಳಿದ, ಒಂದರ ಮೇಲೊಂದು ಎರಡು ರೆಕ್ಕೆಗಳ, ತಲೆಯ ಮೇಲೆ ಸೂರಿಲ್ಲದ ವಿಮಾನ. ಗಾಳಿ ಮಳೆ ನೇರವಾಗಿ ಮುಖಕ್ಕೆ!

ಮುಂಬಯಿ ಕ್ಲಬ್ಬಿನ ಮೊದಲ ಕಲಿಕೆದಾರರಲ್ಲಿ ಜಹಾಂಗೀರ್ ರತನ್‌ಜಿ ದಾದಾಭಾಯಿ ಟಾಟಾ, ಅಂದರೆ ಜೆ.ಆರ್.ಡಿ., ಒಬ್ಬರು. ತಾಯಿ ಫ್ರಾನ್ಸಿನವರಾದ್ದರಿಂದ ಬಾಲ್ಯದ ಬೇಸಿಗೆಗಳು ಅಲ್ಲಿನ ಹಾರ್ದೆಲೋ ಎಂಬ ಕಡಲತೀರದ ಊರಿನಲ್ಲಿ ಕಳೆಯುತ್ತಿದ್ದವು. 1909ರಲ್ಲಿ ಮೊದಲ ಬಾರಿಗೆ ಇಂಗ್ಲಿಷ್ ಕಾಲುವೆಯನ್ನು ವಿಮಾನದಲ್ಲಿ ದಾಟಿದ ಲೂಯಿ ಬ್ಲೇರಿಯೋ ಅವರ ಮನೆಯೂ ಅಲ್ಲೇ ಇತ್ತು. ಮರಳ ಮೇಲೆ ವಿಮಾನ ಇಳಿಯುವುದನ್ನು ನೋಡುತ್ತ ಬೆಳೆದ ಹುಡುಗ 15ನೇ ವಯಸ್ಸಿನಲ್ಲಿ ಅಲ್ಲೇ ಮೊದಲ ಸಲ ವಿಮಾನ ಏರಿದ. ಕಲಿಯಬೇಕೆಂಬ ಹುಚ್ಚು ಅಂದೇ ಹತ್ತಿತು. ಆ ಹುಚ್ಚು ಒಂಬತ್ತು ವರ್ಷ ಕಾಯಬೇಕಾಯಿತು.

ಕ್ಲಬ್ಬು ಸಿಕ್ಕಿದ ಮೇಲೆ ತಡವಾಗಲಿಲ್ಲ. ಗುರುವಿನ ಜೊತೆ 3 ಗಂಟೆ 45 ನಿಮಿಷ ಹಾರಿದ ನಂತರ ಒಂಟಿಯಾಗಿಯೇ ಹಾರಿದರು. 1929ರ ಫೆಬ್ರವರಿ 10ರಂದು ಅವರಿಗೆ ದೊರೆತ ಪೈಲಟ್ ಪ್ರಮಾಣಪತ್ರದ ಸಂಖ್ಯೆ 1. ಶ್ರೀಮಂತರ ಮಗ, ದುಬಾರಿ ಹವ್ಯಾಸ ಎಂದು ಮೂಗು ಮುರಿಯುವವರು ಅಂದೂ ಇದ್ದರು. ಹಣ ಇತ್ತೆಂಬುದು ನಿಜ. ಆದರೆ ಹಣವಿದ್ದ ಬೇರೆಯವರು ಕುದುರೆ ಪಂದ್ಯಕ್ಕೆ ಹೋಗುತ್ತಿದ್ದರು ಎಂಬುದೂ ಅಷ್ಟೇ ನಿಜ.

ಅಬೂಕಿರ್‌ನಲ್ಲಿ ಒಂದು ಭೇಟಿ

ಅದೇ 1929ರಲ್ಲಿ ಆಗಾ ಖಾನ್ ಒಂದು ಬಹುಮಾನ ಸಾರಿದರು. ಇಂಗ್ಲೆಂಡಿನಿಂದ ಭಾರತಕ್ಕೆ ಅಥವಾ ಭಾರತದಿಂದ ಇಂಗ್ಲೆಂಡಿಗೆ ಒಬ್ಬನೇ ಹಾರಿ ನಿಗದಿತ ಅವಧಿಯೊಳಗೆ ತಲುಪಿದ ಮೊದಲ ಭಾರತೀಯನಿಗೆ 500 ಪೌಂಡ್. ಕಣಕ್ಕಿಳಿದವರು ಮುಖ್ಯವಾಗಿ ಮೂವರು.

ಒಬ್ಬರು ಮನಮೋಹನ್ ಸಿಂಗ್. ರಾವಲ್ಪಿಂಡಿಯವರು, ಇಂಗ್ಲೆಂಡಿನಲ್ಲಿ ಓದಿದವರು. (ಮುಂದೆ ಪ್ರಧಾನಿಯಾದ ಅರ್ಥಶಾಸ್ತ್ರಜ್ಞರಿಗೂ ಇವರಿಗೂ ಹೆಸರಿನ ಹೊರತು ಸಂಬಂಧವಿಲ್ಲ.) ಇವರು ತಮ್ಮ ಜಿಪ್ಸಿ ಮಾತ್‌ಗೆ ‘ಮಿಸ್ ಇಂಡಿಯಾ’ ಎಂದು ಹೆಸರಿಟ್ಟಿದ್ದರು. ಹೊರಟಾಗಲೆಲ್ಲ ದಾರಿ ತಪ್ಪುತ್ತಿತ್ತು. ಒಮ್ಮೆಯಂತೂ ಇಟಲಿಯ ಬೆಟ್ಟದ ರಸ್ತೆಯ ಮೇಲೆ ಇಳಿಯಬೇಕಾಗಿ ಬಂತು. ಹೆಸರೇ ಮಿಸ್ ಇಂಡಿಯಾ, ಇಂಡಿಯಾವನ್ನು ಮಿಸ್ ಮಾಡುವುದು ಖಂಡಿತ ಎಂದು ಇಂಗ್ಲೆಂಡಿನ ವಿಮಾನಯಾನ ಪತ್ರಿಕೆಯ ಸಂಪಾದಕರೊಬ್ಬರು ಗೇಲಿ ಮಾಡಿದರು. ಸಿಂಗ್ ಬಿಡಲಿಲ್ಲ. ಕೊನೆಗೂ ಒಂಟಿಯಾಗಿ ಕರಾಚಿ ಮುಟ್ಟಿದರು. ಆದರೆ ಅವಧಿ ಮೀರಿತ್ತು; ಬಹುಮಾನ ತಪ್ಪಿತು, ಇಂಡಿಯಾ ತಪ್ಪಲಿಲ್ಲ.

ಎರಡನೆಯವರು ಜೆ.ಆರ್.ಡಿ. 1930ರ ಮೇ 3ರಂದು ಕರಾಚಿಯಿಂದ ಹೊರಟರು. ಮೂರನೆಯವನು ಎದುರು ದಿಕ್ಕಿನಿಂದ, ಇಂಗ್ಲೆಂಡಿನ ಕ್ರಾಯ್ಡನ್‌ನಿಂದ, ಏಪ್ರಿಲ್ 25ರಂದೇ ಹೊರಟಿದ್ದ. ಹೆಸರು ಆಸ್ಪಿ ಎಂಜಿನಿಯರ್. ವಯಸ್ಸು ಹದಿನೇಳು! ಇಂದಿನ ಲೆಕ್ಕದಲ್ಲಿ ಪಿಯುಸಿ ಓದುವ ಹುಡುಗ. ಅದೇ ಮಾರ್ಚಿನಲ್ಲಿ ಆರ್.ಎನ್. ಚಾವ್ಲಾ ಎಂಬ ಪೈಲಟ್ ಜೊತೆಗೂಡಿ ಈತ ಕರಾಚಿಯಿಂದ ಇಂಗ್ಲೆಂಡಿಗೆ ಹಾರಿದ್ದ. ಭಾರತದಿಂದ ಅಲ್ಲಿಗೆ ಹಾರಿದ ಮೊದಲ ಭಾರತೀಯರು ಆ ಇಬ್ಬರು. ಈಗ ಹಿಂದಿರುಗುವ ದಾರಿಯನ್ನು ಒಬ್ಬನೇ ಹಿಡಿದಿದ್ದ. ಎಷ್ಟು ಮನೆಗಳಲ್ಲಿ ತಂದೆತಾಯಿ ಹೂಂ ಎಂದಾರು?

ಈಜಿಪ್ಟಿನಲ್ಲಿ ಅಲೆಕ್ಸಾಂಡ್ರಿಯಾದ ಬಳಿ ಅಬೂಕಿರ್ ಎಂಬ ವಿಮಾನ ನೆಲೆಯಿದೆ. ಜೆ.ಆರ್.ಡಿ. ಅಲ್ಲಿ ಇಳಿದಾಗ ಇನ್ನೊಂದು ಜಿಪ್ಸಿ ಮಾತ್ ನಿಂತಿತ್ತು. ಅದು ಆಸ್ಪಿಯದು. ಯಾಕೆ ನಿಂತಿದ್ದೀಯ ಎಂದರೆ ಸ್ಪಾರ್ಕ್ ಪ್ಲಗ್ ಕೆಟ್ಟಿದೆ, ಬೇರೆಯದು ಇಲ್ಲ ಎಂಬ ಉತ್ತರ. ಸ್ಪಾರ್ಕ್ ಪ್ಲಗ್ ಎಂದರೆ ಎಂಜಿನ್ನಿನಲ್ಲಿ ಪೆಟ್ರೋಲಿನ ಆವಿಗೆ ಕಿಡಿ ಹಚ್ಚುವ ಬೆರಳುದ್ದದ ಸಾಮಾನು. ಸ್ಕೂಟರ್ ಇರುವ ಮನೆಯವರಿಗೆಲ್ಲ ಗೊತ್ತು. ಅದು ಕೈಕೊಟ್ಟರೆ ಎಂಜಿನ್ ಗೊರಗೊರ ಎಂದು ಬಲಗುಂದುತ್ತದೆ. ನೆಲದ ಮೇಲಾದರೆ ತಳ್ಳಿಕೊಂಡು ಹೋಗಬಹುದು, ಮರುಭೂಮಿಯ ಮೇಲೆ ಹಾರುವಾಗ?

ಜೆ.ಆರ್.ಡಿ. ಸುಮ್ಮನೆ ಕೈಬೀಸಿ ಮುಂದೆ ಹೋಗಿದ್ದರೆ ನಿಯಮದಲ್ಲಿ ತಪ್ಪೇನೂ ಇರಲಿಲ್ಲ. ಅದು ಪಂದ್ಯ. ಎದುರಿಗಿದ್ದವನು ಪ್ರತಿಸ್ಪರ್ಧಿ. ಅವರು ತಮ್ಮಲ್ಲಿದ್ದ ಬಿಡಿ ಪ್ಲಗ್ಗನ್ನು ತೆಗೆದು ಕೊಟ್ಟರು. ಹುಡುಗ ಸುಮ್ಮನೆ ತೆಗೆದುಕೊಳ್ಳಲಿಲ್ಲ. ತಾನು ಮೆಡಿಟರೇನಿಯನ್ ಸಮುದ್ರ ದಾಟಿ ಬಂದಾಗಿತ್ತು, ಜೆ.ಆರ್.ಡಿ. ಅದನ್ನು ಇನ್ನು ದಾಟಬೇಕಿತ್ತು. ತನ್ನ ತೇಲುವ ಜಾಕೆಟ್ಟನ್ನು ಬಿಚ್ಚಿ ಅವರ ಕೈಗಿತ್ತ. ಇಬ್ಬರೂ ತಮ್ಮ ತಮ್ಮ ದಿಕ್ಕಿಗೆ ಹಾರಿದರು.

ಮೇ 11ರಂದು ಆಸ್ಪಿ ಕರಾಚಿ ಮುಟ್ಟಿದ. ಬಹುಮಾನ ಅವನದಾಯಿತು. ಪ್ಲಗ್ ಕೊಟ್ಟವರು ಸೋತರು. ಅದಕ್ಕಾಗಿ ಜೆ.ಆರ್.ಡಿ. ಎಂದೂ ಪರಿತಪಿಸಲಿಲ್ಲ. ಗೆದ್ದ ಹುಡುಗ ಮುಂದೆ ವಾಯುಪಡೆ ಸೇರಿ, 1960ರಲ್ಲಿ ಭಾರತೀಯ ವಾಯುಪಡೆಯ ಮುಖ್ಯಸ್ಥರಾಗಿ 1964ರವರೆಗೆ ಆ ಹುದ್ದೆಯಲ್ಲಿದ್ದರು. ಮನಮೋಹನ್ ಸಿಂಗ್ ಅವರ ಬಾಳು ಅಷ್ಟು ದೂರ ಹೋಗಲಿಲ್ಲ. ಎರಡನೇ ಮಹಾಯುದ್ಧದಲ್ಲಿ ಅವರು ನೀರ ಮೇಲಿಳಿಯುವ ಕೆಟಲಿನಾ ವಿಮಾನದ ಪೈಲಟ್ ಆಗಿದ್ದರು. 1942ರ ಮಾರ್ಚ್ 3ರಂದು ಆಸ್ಟ್ರೇಲಿಯಾದ ಬ್ರೂಮ್ ಬಂದರಿನ ಮೇಲೆ ಜಪಾನೀಯರು ನಡೆಸಿದ ದಾಳಿಯಲ್ಲಿ ಮಡಿದರು.

ಬಳ್ಳಾರಿಯಲ್ಲಿ ರಾತ್ರಿ

ಈಗ ಮತ್ತೆ ಅಂಚೆ ಚೀಲದ ಕಥೆಗೆ. 1929ರಲ್ಲಿ ಇಂಪೀರಿಯಲ್ ಏರ್‌ವೇಸ್ ಕಂಪನಿ ಲಂಡನ್ನಿನಿಂದ ಕರಾಚಿಗೆ ವಿಮಾನ ಸೇವೆ ಆರಂಭಿಸಿತು. ಲಂಡನ್ನಿನ ಕಾಗದ ಒಂದು ವಾರದಲ್ಲಿ ಕರಾಚಿಗೆ ಬರುವಂತಾಯಿತು. ಆದರೆ ಅಲ್ಲಿಂದ ಮುಂದೆ? ರೈಲೇ ಗತಿ. ಸಾವಿರಾರು ಮೈಲಿ ಹಾರಿ ಬಂದ ಪತ್ರ ಮುಂಬಯಿಗೋ ಮದ್ರಾಸಿಗೋ ತಲುಪಲು ರೈಲಿನಲ್ಲಿ ದಿನಗಟ್ಟಲೆ ತೆವಳಬೇಕಿತ್ತು.

ಈ ಕೊರತೆಯನ್ನು ಮೊದಲು ಕಂಡವರು ನೆವಿಲ್ ವಿನ್ಸೆಂಟ್. ದಕ್ಷಿಣ ಆಫ್ರಿಕಾದಲ್ಲಿ ಹುಟ್ಟಿದ, ಬ್ರಿಟಿಷ್ ವಾಯುಪಡೆಯಲ್ಲಿದ್ದು ಬಂದ ಸಾಹಸಿ. ಭಾರತದ ಊರೂರುಗಳಲ್ಲಿ ಜನರನ್ನು ವಿಮಾನದಲ್ಲಿ ಹತ್ತಿಸಿಕೊಂಡು ಸುತ್ತು ಹಾಕಿಸಿ ಹಣ ಸಂಪಾದಿಸುತ್ತಿದ್ದರು. ಹಾಗಾಗಿ ದೇಶದ ಬಯಲು, ಬೆಟ್ಟ, ನದಿಗಳೆಲ್ಲ ಅವರಿಗೆ ಕರತಲಾಮಲಕ. ಕರಾಚಿಯಿಂದ ಮದ್ರಾಸಿಗೆ ಅಂಚೆ ವಿಮಾನ ನಡೆಸುವ ಯೋಜನೆಯನ್ನು ಅವರು ಟಾಟಾ ಮನೆತನದ ಮುಂದಿಟ್ಟರು. ವಯಸ್ಸಾಗಿದ್ದ ದೊರಾಬ್‌ಜಿ ಟಾಟಾ ಅವರಿಗೆ ಇದರಲ್ಲಿ ಉತ್ಸಾಹ ಇರಲಿಲ್ಲ. ಸಂಸ್ಥೆಯ ನಿರ್ದೇಶಕ ಜಾನ್ ಪೀಟರ್ಸನ್ ಅವರ ಒತ್ತಾಯಕ್ಕೆ ಕೊನೆಗೆ ಒಪ್ಪಿದರು. ಹಾಕಿದ ಬಂಡವಾಳ 2 ಲಕ್ಷ ರೂ. ಸರ್ಕಾರದ ಒಪ್ಪಿಗೆಗೆ ಮೂರು ವರ್ಷ ಹಿಡಿಯಿತು. ಒಪ್ಪಿದಾಗಲೂ ಸಹಾಯಧನವಿಲ್ಲ, ಹೊತ್ತ ಅಂಚೆಯ ತೂಕಕ್ಕೆ ತಕ್ಕ ಹಣ, ಅಷ್ಟೆ. ಒಪ್ಪಿಗೆ ಕೊಟ್ಟ ದೊರಾಬ್‌ಜಿ ಮೊದಲ ವಿಮಾನ ಹಾರುವುದನ್ನು ನೋಡಲಿಲ್ಲ. 1932ರ ಜೂನಿನಲ್ಲಿ ತೀರಿಕೊಂಡಿದ್ದರು.

ಮನುಷ್ಯರನ್ನು ಬಿಟ್ಟು ಕಾಗದವನ್ನೇಕೆ ನಂಬಿದರು? ಲೆಕ್ಕ ಸುಲಭ. 70 ಕಿಲೋ ತೂಕದ ಒಬ್ಬ ಪ್ರಯಾಣಿಕನ ಬದಲು ಒಂದೊಂದು ತೊಲ ತೂಕದ ಸುಮಾರು 6,000 ಪತ್ರಗಳನ್ನು ಒಯ್ಯಬಹುದು. ಪ್ರತಿ ಪತ್ರಕ್ಕೂ ವಿಮಾನ ಶುಲ್ಕವಿದೆ. ಪತ್ರಕ್ಕೆ ಆಸನ ಬೇಡ, ತಿಂಡಿ ಬೇಡ, ಗಾಳಿಗೆ ವಿಮಾನ ಕುಪ್ಪಳಿಸಿದರೆ ಅದು ವಾಂತಿ ಮಾಡಿಕೊಳ್ಳುವುದೂ ಇಲ್ಲ.

ನಕ್ಷೆಯಲ್ಲಿ ಮುಂಬಯಿಗೂ ಮದ್ರಾಸಿಗೂ ಒಂದು ನೇರ ಗೆರೆ ಎಳೆದರೆ ಬಳ್ಳಾರಿ ಅರ್ಧ ದಾರಿ ದಾಟಿ, ಗೆರೆಯ ಮಗ್ಗುಲಲ್ಲೇ ಸಿಗುತ್ತದೆ. ಆಗ ಅದು ಮದ್ರಾಸ್ ಪ್ರಾಂತಕ್ಕೆ ಸೇರಿದ ಊರು. ಮೈಸೂರು ರಾಜ್ಯಕ್ಕೆ ಬಂದದ್ದು 1953ರ ಅಕ್ಟೋಬರ್ 1ರಂದು. ವಿಶಾಲವಾದ ಬಯಲು, ಮಳೆ ಕಡಿಮೆ, ಮೇಲಿನಿಂದ ಗುರುತು ಹಿಡಿಯಲು ಬಂಡೆಗುಡ್ಡಗಳು. ಆಗಿನ ಪೈಲಟ್‌ಗೆ ಇನ್ನೇನು ಬೇಕು? ಕತ್ತಲಾದ ಮೇಲೆ ಹಾರಲು ದಾರಿದೀಪಗಳಿರಲಿಲ್ಲ, ನಿಲ್ದಾಣಗಳಲ್ಲಿ ಬೆಳಕಿರಲಿಲ್ಲ. ಹಗಲೆಂದರೆ ಹಾರಾಟ, ರಾತ್ರಿಯೆಂದರೆ ವಸತಿ. ಹೀಗೆ ಲಂಡನ್ನಿನಿಂದ ಬಂದ ಅಂಚೆ ಬಳ್ಳಾರಿಯಲ್ಲಿ ಮಲಗಿ ಎದ್ದು ಮದ್ರಾಸಿಗೆ ಹೋಗುತ್ತಿತ್ತು. ಮುಂದೆ ಈ ಮಾರ್ಗ ಹೈದರಾಬಾದಿಗೆ ಹೊರಳಿತು. ಕನ್ನಡ ನಾಡಿನ ಊರೊಂದು ಈ ಅಂಚೆ ವಿಮಾನ ಮಾರ್ಗದ ತಂಗುದಾಣವಾಗಿತ್ತು ಎಂಬುದು ನಮ್ಮಲ್ಲೇ ಎಷ್ಟೋ ಜನಕ್ಕೆ ತಿಳಿಯದೆ ಹೋಗಿದೆ.

ಟಾಟಾ ಕಂಪನಿಯ ಜುಹು ಕಚೇರಿ ಎಂದರೆ ತೆಂಗಿನ ಗರಿ ಹೊದಿಸಿದ ಒಂದು ಗುಡಿಸಲು. ಮಳೆಗಾಲದಲ್ಲಿ ಬಯಲು ಕೆಸರಾಗುತ್ತಿದ್ದುದರಿಂದ ಗಂಟುಮೂಟೆ ಕಟ್ಟಿ ಪುಣೆಗೆ ಹೋಗುತ್ತಿದ್ದರು. ಪೈಲಟ್‌ಗಳೆಂದರೆ ಜೆ.ಆರ್.ಡಿ., ವಿನ್ಸೆಂಟ್ ಮತ್ತು ಹೋಮಿ ಭರೂಚಾ. ಮೊದಲ ವರ್ಷ ಸುಮಾರು ಹತ್ತು ಟನ್ ಅಂಚೆ ಸಾಗಿತು. ಪ್ರಯಾಣಿಕರು ಇಡೀ ವರ್ಷಕ್ಕೆ 155. ಇಂದು ಒಂದು ಸಾಧಾರಣ ಜೆಟ್ ವಿಮಾನ ಒಂದೇ ಸಲಕ್ಕೆ ಅಷ್ಟು ಜನರನ್ನು ಒಯ್ಯುತ್ತದೆ. ಲಾಭ 60,000 ರೂ. ಎಲ್ಲಕ್ಕಿಂತ ಹೆಚ್ಚಾಗಿ, ಪಶ್ಚಿಮ ಘಟ್ಟದ ಮಳೆ ಮೋಡಗಳ ನಡುವೆಯೂ ಅಂಚೆ ಹೇಳಿದ ಹೊತ್ತಿಗೆ ತಲುಪಿತೆಂದು ಸರ್ಕಾರದ ವರದಿಯೇ ಮೆಚ್ಚಿತು.

ಸೀರೆಯುಟ್ಟ ಪೈಲಟ್

ಮುಂಬಯಿ ಮದ್ರಾಸುಗಳಂತೆ ಲಾಹೋರಿಗೂ ಕರಾಚಿಯಿಂದ ಅಂಚೆ ವಿಮಾನ ಹಾರತೊಡಗಿತು. ಆ ಮಾರ್ಗದ ಪೈಲಟ್‌ಗಳಲ್ಲಿ ಪಿ.ಡಿ. ಶರ್ಮಾ ಒಬ್ಬರು. ಅವರ ಮನೆತನದಲ್ಲಿ ಒಂಬತ್ತು ಮಂದಿ ವಿಮಾನ ಹಾರಿಸಬಲ್ಲವರಿದ್ದರಂತೆ. ಸೊಸೆಯಾಗಿ ಆ ಮನೆಗೆ ಬಂದ ಸರಳಾ ಕಲಿಯಬೇಕೆಂದು ಮೊದಲು ಹಟ ಹಿಡಿದದ್ದು ಗಂಡ, ಮಾವಂದಿರೇ! ಲಾಹೋರ್ ಫ್ಲೈಯಿಂಗ್ ಕ್ಲಬ್ಬಿನಲ್ಲಿ 1936ರಲ್ಲಿ ಸರಳಾ ಸೀರೆಯುಟ್ಟೇ ಜಿಪ್ಸಿ ಮಾತ್ ಏರಿ ಒಬ್ಬರೇ ಹಾರಿದರು. ಆಗ 21 ವರ್ಷ. ಮನೆಯಲ್ಲಿ ನಾಲ್ಕು ವರ್ಷದ ಮಗಳು.

ವಾಣಿಜ್ಯ ಲೈಸೆನ್ಸು ಪಡೆದು ಗಂಡನಂತೆ ತಾನೂ ಕೆಲಸಕ್ಕೆ ಸೇರಬೇಕೆಂಬುದು ಅವರ ಆಸೆ. 1939ರಲ್ಲಿ ಗಂಡ ವಿಮಾನ ಅಪಘಾತದಲ್ಲಿ ತೀರಿಕೊಂಡರು. ಅದೇ ಹೊತ್ತಿಗೆ ಯುದ್ಧ ಆರಂಭವಾಗಿ ನಾಗರಿಕರ ತರಬೇತಿಯೂ ನಿಂತುಹೋಯಿತು. ಸರಳಾ ಲಾಹೋರಿನ ಕಲಾಶಾಲೆ ಸೇರಿ ಚಿತ್ರಕಲೆ ಕಲಿತರು. ದೇಶ ವಿಭಜನೆಯಾದಾಗ ದೆಹಲಿಗೆ ಬಂದು, ಮರುಮದುವೆಯಾಗಿ ಸರಳಾ ಥಕ್ರಾಲ್ ಆದರು. ಬಟ್ಟೆ ಮತ್ತು ಆಭರಣಗಳ ವಿನ್ಯಾಸದಲ್ಲಿ ಹೆಸರು ಮಾಡಿ 2008ರಲ್ಲಿ ನಿಧನರಾದರು. ಅವರು ಬಯಸಿದ ವಾಣಿಜ್ಯ ಲೈಸೆನ್ಸು ಕೈಗೆ ಬಂದದ್ದು ಪ್ರೇಮ್ ಮಾಥುರ್ ಎಂಬ ಇನ್ನೊಬ್ಬ ಮಹಿಳೆಗೆ, 1947ರಲ್ಲಿ. ಹೆಂಗಸು ನಡೆಸುವ ವಿಮಾನಕ್ಕೆ ಜನ ಹತ್ತಿಯಾರೇ ಎಂಬ ಅಳುಕು ಆಗಿನ ಕಂಪನಿಗಳಿಗೆ. ಎಂಟು ಕಡೆ ಇಲ್ಲವೆನ್ನಿಸಿಕೊಂಡ ಮೇಲೆ ಹೈದರಾಬಾದಿನ ಡೆಕ್ಕನ್ ಏರ್‌ವೇಸ್ ಅವರನ್ನು ಸೇರಿಸಿಕೊಂಡಿತು. 1949ರ ರಾಷ್ಟ್ರೀಯ ವಿಮಾನ ಪಂದ್ಯದಲ್ಲಿ ಅವರೇ ಗೆದ್ದರು.

ಈ ವೈಮಾನಿಕರೆಲ್ಲ ಹಾರಿಸಿದ್ದು ಹೊರದೇಶದ ವಿಮಾನಗಳನ್ನೇ. ಆ ಕೊರತೆಗೆ ಉತ್ತರ ಬೆಂಗಳೂರಿನಲ್ಲಿ ಸಿದ್ಧವಾಗುತ್ತಿತ್ತು. 1940ರ ಡಿಸೆಂಬರಿನಲ್ಲಿ ಉದ್ಯಮಿ ವಾಲ್‌ಚಂದ್ ಹೀರಾಚಂದ್ ಮೈಸೂರು ಸರ್ಕಾರದ 25 ಲಕ್ಷ ರೂ. ಪಾಲಿನೊಡನೆ ಹಿಂದೂಸ್ಥಾನ್ ಏರ್‌ಕ್ರಾಫ್ಟ್ ಕಂಪನಿ ಸ್ಥಾಪಿಸಿದರು. ಡಾ. ವಿ.ಎಂ. ಘಾಟಗೆ ಅವರ ತಂಡ ಅಲ್ಲಿ ರೂಪಿಸಿದ ಎಚ್‌ಟಿ-2 ತರಬೇತಿ ವಿಮಾನ 1951ರ ಆಗಸ್ಟಿನಲ್ಲಿ ಮೊದಲ ಸಲ ಹಾರಿತು. ಮುಂದಿನ ತಲೆಮಾರಿನ ಎಷ್ಟೋ ಪೈಲಟ್‌ಗಳು ಅಕ್ಷರಾಭ್ಯಾಸ ಮಾಡಿದ್ದು ಅದರ ಮೇಲೆ.

ನಡುರಾತ್ರಿಯ ನಾಗಪುರ

ಸ್ವಾತಂತ್ರ್ಯ ಬಂದ ಮೇಲೆ ಟಾಟಾ ಕಂಪನಿ ಏರ್ ಇಂಡಿಯಾ ಎಂಬ ಹೆಸರಿನಲ್ಲಿ ವಿದೇಶಕ್ಕೂ ಹಾರಿತು. 1948ರ ಜೂನ್ 8ರಂದು ‘ಮಲಬಾರ್ ಪ್ರಿನ್ಸೆಸ್’ ವಿಮಾನವನ್ನು ಕ್ಯಾಪ್ಟನ್ ಕೆ.ಆರ್. ಗಜ್ದರ್ ಮುಂಬಯಿಯಿಂದ ಲಂಡನ್ನಿಗೆ ನಡೆಸಿದರು. ಈ ಕಥೆ ಹಲವರಿಗೆ ಗೊತ್ತು. ಆದರೆ ದೇಶದೊಳಗೆ ಜನಸಾಮಾನ್ಯರನ್ನು ಮುಟ್ಟಿದ್ದು ಇನ್ನೊಂದು ಸೇವೆ.

ಸಂಪರ್ಕ ಸಚಿವ ರಫಿ ಅಹ್ಮದ್ ಕಿದ್ವಾಯಿ ಅವರ ಹಟದಿಂದ 1949ರ ಜನವರಿ 30ರ ರಾತ್ರಿ ಅದು ಶುರುವಾಯಿತು. ಮುಂಬಯಿ, ಕಲ್ಕತ್ತೆ, ಮದ್ರಾಸು, ದೆಹಲಿ. ನಾಲ್ಕೂ ಕಡೆಯಿಂದ ಒಂದೊಂದು ವಿಮಾನ ಅಂಚೆ ಹೊತ್ತು ರಾತ್ರಿ ಹೊರಟು ದೇಶದ ಹೊಕ್ಕುಳಂತಿರುವ ನಾಗಪುರದಲ್ಲಿ ಸೇರುವುದು. ಚೀಲಗಳನ್ನು ಅದಲು ಬದಲು ಮಾಡಿಕೊಳ್ಳುವುದು. ಬೆಳಗಾಗುವುದರೊಳಗೆ ತಮ್ಮ ತಮ್ಮ ಊರಿಗೆ ಹಿಂದಿರುಗುವುದು. ಬಳ್ಳಾರಿಯಲ್ಲಿ ಬೆಳಗಾಗಲೆಂದು ಕಾಯುತ್ತಿದ್ದ ಅಂಚೆ ಹದಿನೇಳು ವರ್ಷಗಳಲ್ಲಿ ಕತ್ತಲಲ್ಲೇ ದೇಶವನ್ನು ದಾಟತೊಡಗಿತು. ನೆಲದ ಮೇಲೆ ಸರಿಯಾದ ಸಲಕರಣೆ ಇಲ್ಲದೆ ರಾತ್ರಿ ಹಾರುವುದು ಅಪಾಯವೆಂದು ಜೆ.ಆರ್.ಡಿ. ಬಲವಾಗಿ ವಿರೋಧಿಸಿದ್ದರು. ಅವರ ಆತಂಕ ಸುಳ್ಳೇನಲ್ಲ. ನಡೆಸುವ ಕಂಪನಿಗಳೂ ಬದಲಾದವು. ಆದರೂ ಸೇವೆ ಉಳಿಯಿತು. ಅದೇ ವರ್ಷ ಏಪ್ರಿಲ್ 1ರಿಂದ ಹೆಚ್ಚಿನ ಶುಲ್ಕವಿಲ್ಲದೆಯೇ ಒಳನಾಡಿನ ಪತ್ರಗಳು ವಿಮಾನದಲ್ಲಿ ಹೋಗುವ ವ್ಯವಸ್ಥೆ ಬಂತು. ಆರಾಣೆಯ ಆಡಂಬರ ಹೋಗಿ ಸಾಧಾರಣ ಅಂಚೆಚೀಟಿ ಹಚ್ಚಿದ ಮಗನ ಕಾಗದವೂ ತಾಯಿಗೆ ಹಾರಿ ಬಂತು.

1953ರಲ್ಲಿ ವಿಮಾನ ಕಂಪನಿಗಳೆಲ್ಲ ಸರ್ಕಾರದ ವಶವಾದವು. ಏರ್ ಇಂಡಿಯಾ ಟಾಟಾ ಬಳಗಕ್ಕೆ ಮರಳಿದ್ದು 2022ರ ಜನವರಿಯಲ್ಲಿ. ಅದನ್ನು ನೋಡಲು ಜೆ.ಆರ್.ಡಿ. ಇರಲಿಲ್ಲ, 1993ರಲ್ಲೇ ತೀರಿಕೊಂಡಿದ್ದರು.

ಆದರೆ ಅದಕ್ಕೂ ಮುಂಚೆ ಅವರೊಂದು ಕೆಲಸ ಮಾಡಿದ್ದರು. 1982ರ ಅಕ್ಟೋಬರ್ 15ಕ್ಕೆ ಮೊದಲ ಅಂಚೆ ಹಾರಾಟಕ್ಕೆ 50 ವರ್ಷ ತುಂಬಿತು. ಜೆ.ಆರ್.ಡಿ.ಗೆ 78 ವರ್ಷ. ಆ ದಿನ ಅವರು ಲೆಪರ್ಡ್ ಮಾತ್ ಎಂಬ ಹಳೆಯ ಪುಟ್ಟ ವಿಮಾನವೇರಿ ಅದೇ ದಾರಿಯಲ್ಲಿ, ಒಬ್ಬರೇ, ಮತ್ತೆ ಹಾರಿದರು. ಕರಾಚಿ ಈಗ ಬೇರೆ ದೇಶದಲ್ಲಿತ್ತು. ಕೆಳಗೆ ಒಂದು ಗಡಿ ಬಂದಿತ್ತು. ಜುಹುವಿನಲ್ಲಿ ಅವರು ಇಳಿದಾಗ, ಅಂದು ಅಂಚೆ ಚೀಲಕ್ಕೆ ಕಾದು ನಿಂತಿದ್ದ ನೆವಿಲ್ ವಿನ್ಸೆಂಟ್ ಇರಲಿಲ್ಲ. 1942ರಲ್ಲಿ ಅವರಿದ್ದ ಯುದ್ಧ ವಿಮಾನವನ್ನು ಫ್ರಾನ್ಸಿನ ತೀರದಾಚೆ ಶತ್ರುಗಳು ಹೊಡೆದುರುಳಿಸಿ ಆಗಲೇ 40 ವರ್ಷ ಕಳೆದಿತ್ತು.